ಗ್ರ್ಯಾಮಿ ನಾಮಿನೇಷನ್ ಬಂತು, ಆದ್ರೆ ಹೊಟ್ಟೆಪಾಡು? ಬೆಡ್‌ರೂಮಿನಲ್ಲಿ ಮೆಟಲ್ ಕಟ್ಟಿದ ಮಿಶಾ ಮನ್ಸೂರ್ ಕತೆ

(ಪಾಡ್‌ಕಾಸ್ಟ್ ಸಂಚಿಕೆಯ ಬರಹ ರೂಪ)

ಇಯರ್‌ಫೋನ್ ಹಾಕ್ಕೊಂಡಿದ್ದೀರಾ? ಇವತ್ತು ಅದು ಬೇಕೇ ಬೇಕು. ಕೇಳೋ ಬದಲು ಓದ್ತಾ ಇರೋರೂ ಪಕ್ಕದಲ್ಲೇ ಇಟ್ಕೊಳ್ಳಿ, ಮಧ್ಯದಲ್ಲಿ ಒಂದು ಸಣ್ಣ ಕೆಲಸ ಕೊಡ್ತೀನಿ.

2017ರ ಫೆಬ್ರವರಿ 12, ಲಾಸ್ ಏಂಜಲೀಸ್. 59ನೇ ಗ್ರ್ಯಾಮಿ ಸಮಾರಂಭ. ಬೆಸ್ಟ್ ಮೆಟಲ್ ಪರ್ಫಾರ್ಮೆನ್ಸ್ ಪ್ರಶಸ್ತಿ ಮೆಗಾಡೆತ್‌ಗೆ ಅಂತ ಘೋಷಣೆ ಆಯ್ತು. ಮೆಗಾಡೆತ್‌ನವರು ವೇದಿಕೆ ಕಡೆ ನಡೀತಿದ್ರೆ ಅಲ್ಲಿನ ವಾದ್ಯತಂಡ ನುಡಿಸಿದ್ದು ಯಾವ ಹಾಡು ಗೊತ್ತಾ? ಮೆಟಾಲಿಕಾದ 'ಮಾಸ್ಟರ್ ಆಫ್ ಪಪೆಟ್ಸ್'! 1983ರಲ್ಲಿ ಡೇವ್ ಮಸ್ಟೇನ್ ಅವರನ್ನ ಮೆಟಾಲಿಕಾದಿಂದ ಹೊರಗೆ ಹಾಕಿದ್ದಕ್ಕೇ ಮೆಗಾಡೆತ್ ಹುಟ್ಟಿದ್ದು ಅನ್ನೋದು ಮೆಟಲ್ ಕೇಳೋ ಪ್ರತಿ ಮಗುವಿಗೂ ಗೊತ್ತು, ಆ ವಾದ್ಯತಂಡದವರನ್ನ ಬಿಟ್ಟು. ಮರುದಿನ ಎಲ್ಲ ಕಡೆ ಇದೇ ಸುದ್ದಿ.

ಆದರೆ ನಮಗೆ ಇವತ್ತು ಬೇಕಿರೋದು ಆ ಪಟ್ಟಿಯಲ್ಲಿದ್ದ ಇನ್ನೊಂದು ಹೆಸರು. ಪೆರಿಫೆರಿ ಅನ್ನೋ ಅಮೆರಿಕದ ಬ್ಯಾಂಡು, 'ದ ಪ್ರೈಸ್ ಈಸ್ ರಾಂಗ್' ಅನ್ನೋ ಹಾಡು. ಒಬ್ಬ ಹುಡುಗ ಮನೆಯ ಕೋಣೆಯಲ್ಲಿ ಕಂಪ್ಯೂಟರ್ ಮುಂದೆ ಕೂತು ಒಬ್ಬನೇ ಮಾಡ್ತಿದ್ದ ಸಂಗೀತ, ಸುಮಾರು ಹನ್ನೆರಡು ವರ್ಷದ ಮೇಲೆ ಗ್ರ್ಯಾಮಿ ಪಟ್ಟಿವರೆಗೆ ಬಂದಿತ್ತು. ಆ ಹುಡುಗ ಮಿಶಾ ಮನ್ಸೂರ್. ಗಿಟಾರ್ ವಾದಕ, ರೆಕಾರ್ಡ್ ಪ್ರೊಡ್ಯೂಸರ್. ವಿಚಿತ್ರ ಏನಂದ್ರೆ, ಇಷ್ಟು ಹೆಸರು ಮಾಡಿದ ಬ್ಯಾಂಡಿನಿಂದ ತಮ್ಮ ಜೀವನ ನಡೆಯಲ್ಲ ಅಂತ ಅವರೇ ಸಂದರ್ಶನಗಳಲ್ಲಿ ಬಾಯಿಬಿಟ್ಟು ಹೇಳಿದ್ದಾರೆ. ಹಾಗಾದ್ರೆ ಜೀವನ ಹೇಗೆ ನಡೆಯುತ್ತೆ? ಈ ಸಂಚಿಕೆ ಇರೋದೇ ಅದರ ಬಗ್ಗೆ.

ಬಲ್ಬ್ ಅನ್ನೋ ಹೆಸರಿನ ಹುಡುಗ

ಮಿಶಾ ಹುಟ್ಟಿದ್ದು 1984ರ ಅಕ್ಟೋಬರ್ 31ರಂದು. ಬೆಳೆದು ಸಂಗೀತ ಶುರು ಮಾಡಿದ್ದು ವಾಷಿಂಗ್ಟನ್ ಡಿ.ಸಿ. ಪಕ್ಕದ ಮೇರಿಲ್ಯಾಂಡ್‌ನ ಬೆಥೆಸ್ಡಾ ಕಡೆ. ಗಿಟಾರ್ ಜೊತೆಗೆ ಡ್ರಮ್ಸ್ ಕೂಡ ಬಾರಿಸ್ತಿದ್ರು. ಇದನ್ನ ನೆನಪಿಟ್ಕೊಳ್ಳಿ. ಅವರ ಗಿಟಾರ್ ಕೇಳಿದ್ರೆ ರಾಗಕ್ಕಿಂತ ಮೊದಲು ಲಯ ಕಿವಿಗೆ ಬೀಳೋದಕ್ಕೆ ಇದೂ ಒಂದು ಕಾರಣ ಅಂತ ನನಗನಿಸುತ್ತೆ.

2000ದ ದಶಕದ ಮಧ್ಯಭಾಗ. ಯೂಟ್ಯೂಬ್ ಆಗಷ್ಟೇ ಕಣ್ಣು ಬಿಡ್ತಿತ್ತು, ಸ್ಪಾಟಿಫೈ ಇನ್ನೂ ಬಂದಿರಲಿಲ್ಲ. ಸೌಂಡ್‌ಕ್ಲಿಕ್ ಅನ್ನೋ ತಾಣದಲ್ಲಿ ಯಾರು ಬೇಕಾದ್ರೂ ತಮ್ಮ ಹಾಡು ಏರಿಸಬಹುದಿತ್ತು. ಮಿಶಾ ಅಲ್ಲಿ 'ಬಲ್ಬ್' ಅನ್ನೋ ಹೆಸರಲ್ಲಿ ಹಾಡಿನ ಕರಡುಗಳನ್ನ, ಅಂದ್ರೆ ಡೆಮೊಗಳನ್ನ, ಸಾಲು ಸಾಲಾಗಿ ಹಾಕ್ತಾ ಹೋದರು. ಸ್ವೀಡನ್‌ನ ಮೆಶುಗಾ ಬ್ಯಾಂಡಿನ ಅಭಿಮಾನಿಗಳ ವೇದಿಕೆ, ಡ್ರೀಮ್ ಥಿಯೇಟರ್‌ನ ಜಾನ್ ಪೆಟ್ರೂಚಿ ಅವರ ವೇದಿಕೆ, ಏಳು ತಂತಿ ಗಿಟಾರ್ ಹುಚ್ಚರ ವೇದಿಕೆ, ಎಲ್ಲ ಕಡೆ ಈ ಬಲ್ಬ್ ಇರ್ತಿದ್ದ. ಹಾಡು ಹಾಕೋದು, 'ಈ ಸೌಂಡ್ ಹೇಗೆ ತೆಗೆದೆ?' ಅಂತ ಕೇಳಿದವರಿಗೆ ಉತ್ತರ ಕೊಡೋದು. ಇವತ್ತು ಇನ್‌ಸ್ಟಾಗ್ರಾಮ್‌ನಲ್ಲಿ ಎಲ್ಲರೂ ಮಾಡೋದನ್ನ ಇವರು ಆವಾಗಲೇ, ಅದಕ್ಕೊಂದು ಹೆಸರೂ ಇಲ್ಲದ ಕಾಲದಲ್ಲಿ ಮಾಡ್ತಿದ್ರು.

ಒಬ್ಬನೇ ಹುಡುಗ ಡ್ರಮ್ಸ್, ಬಾಸ್, ನಾಲ್ಕೈದು ಪದರ ಗಿಟಾರ್ ಎಲ್ಲ ಮನೇಲಿ ಹೇಗೆ ರೆಕಾರ್ಡ್ ಮಾಡಿದ? ಆ ಹೊತ್ತಿಗೆ ಎರಡು ವಸ್ತು ಕೈಗೆಟುಕೋ ಬೆಲೆಗೆ ಬಂದಿದ್ವು. ಒಂದು, ಲೈನ್ 6 ಕಂಪನಿಯ ಪಾಡ್ ಥರದ ಡಬ್ಬಿ. ದೊಡ್ಡ ಆಂಪ್ಲಿಫೈಯರ್‌ನ ಸದ್ದನ್ನ ಕಂಪ್ಯೂಟರ್ ಲೆಕ್ಕದಲ್ಲಿ ನಕಲು ಮಾಡೋ ಯಂತ್ರ ಅದು. ಗಿಟಾರ್ ಅದಕ್ಕೆ ಸಿಕ್ಕಿಸಿ, ಅದನ್ನ ಕಂಪ್ಯೂಟರಿಗೆ ಸಿಕ್ಕಿಸಿದ್ರೆ ಮುಗೀತು. ಪಕ್ಕದ ಮನೆಯವರು ಎದ್ದು ಬರಲ್ಲ. ಇನ್ನೊಂದು, ಡ್ರಮ್ಸ್ ಸಾಫ್ಟ್‌ವೇರ್. ನಿಜವಾದ ಡ್ರಮ್ಮರ್ ಒಂದೊಂದೇ ಡ್ರಮ್ಮನ್ನ ಮೆಲ್ಲಗೆ, ಜೋರಾಗಿ, ಇನ್ನೂ ಜೋರಾಗಿ ಹೊಡೆದದ್ದನ್ನ ರೆಕಾರ್ಡ್ ಮಾಡಿ ಜೋಡಿಸಿಟ್ಟಿರ್ತಾರೆ. ಯಾವ ಕ್ಷಣಕ್ಕೆ ಯಾವ ಪೆಟ್ಟು ಅಂತ ನೀವು ಮೌಸ್ ಹಿಡ್ಕೊಂಡು ಬರೆದ್ರೆ ಸಾಕು.

ಇದು ಮೋಸ ಅಲ್ವಾ ಅಂತ ಕೇಳೋರು ಆಗಲೂ ಇದ್ರು, ಈಗಲೂ ಇದ್ದಾರೆ. ಅವರಿಗೊಂದು ಮಾತು: ಜಗತ್ತಿನ ಅತ್ಯಂತ ಕಠಿಣ ಡ್ರಮ್ಮರ್‌ಗಳಲ್ಲಿ ಒಬ್ಬರಾದ ಟೋಮಸ್ ಹಾಕೆ ಇರೋ ಮೆಶುಗಾ ಬ್ಯಾಂಡೇ 2005ರಲ್ಲಿ 'ಕ್ಯಾಚ್ ಥರ್ಟಿತ್ರೀ' ಆಲ್ಬಂ ತಂದಾಗ ಇಡೀ ಡ್ರಮ್ಸನ್ನ ಹೀಗೆ ಪ್ರೋಗ್ರಾಂ ಮಾಡಿತ್ತು. ಬಳಸಿದ್ದು ಹಾಕೆ ಅವರದೇ ಪೆಟ್ಟುಗಳ ರೆಕಾರ್ಡಿಂಗ್. ಗುರುಗಳೇ ಹಾಗೆ ಮಾಡಿದ ಮೇಲೆ ಶಿಷ್ಯನಿಗೇನು ಸಂಕೋಚ?

'ಜೆಂಟ್' ಅಂದ್ರೆ ಏನು

ಮಿಶಾ ಹೆಸರು ಬಂದಲ್ಲೆಲ್ಲ ಒಂದು ಪದ ಬಂದೇ ಬರುತ್ತೆ, 'ಜೆಂಟ್'. ಇದಕ್ಕೆ ಅರ್ಥ ಇಲ್ಲ, ಇದು ಸದ್ದು. ನಮ್ಮ 'ಧಡಾರ್', 'ಚುರ್' ಇದ್ದ ಹಾಗೆ. ಮೆಶುಗಾದ ಫ್ರೆಡ್ರಿಕ್ ಥೋರ್ಡೆಂಡಾಲ್ ತಮ್ಮ ಗಿಟಾರ್ ಸದ್ದನ್ನ ಬಾಯಲ್ಲಿ ಹೀಗೆ ಹೇಳ್ತಿದ್ರು, ಅದನ್ನ ಊರಿಗೆಲ್ಲ ಹಬ್ಬಿಸಿದ್ದು ಮಿಶಾ, ಅನ್ನೋದು ಪ್ರಚಲಿತ ಕತೆ. ಬಲಗೈ ಅಂಗೈಯನ್ನ ತಂತಿಗಳ ಬುಡಕ್ಕೆ ಒರಗಿಸಿ, ಅರ್ಧ ಮುಚ್ಚಿದ ಹಾಗೆ ಇಟ್ಕೊಂಡು, ದಪ್ಪ ತಂತಿಗಳನ್ನ ಬಲವಾಗಿ ಹೊಡೆದಾಗ ಬರೋ ಗಡುಸಾದ, ಚಿಕ್ಕದಾದ, ಲೋಹದ ಸದ್ದು. ಮೃದಂಗದ ಎಡಭಾಗವನ್ನ ಕೈಯಲ್ಲಿ ಒತ್ತಿ ಮುಚ್ಚಿ ಬಾರಿಸೋದನ್ನ ನೋಡಿದ್ದೀರಲ್ಲ, ತತ್ವ ಅದೇ. ಮೊಳಗೋದನ್ನ ಬೇಕಂತಲೇ ನಿಲ್ಲಿಸೋದು.

ಈ ಸದ್ದು ತೆಗೆಯೋದರ ಹಿಂದೆ ಒಂದು ಸಣ್ಣ ಗುಟ್ಟಿದೆ. ಮುಂದೆ ದುಡ್ಡಿನ ಮಾತು ಬಂದಾಗ ಇದು ಬೇಕಾಗುತ್ತೆ, ಹಾಗಾಗಿ ಸ್ವಲ್ಪ ತಾಳ್ಮೆ ಇರಲಿ. ಏಳು ತಂತಿ ಗಿಟಾರಿನಲ್ಲಿ ಕೆಳಸ್ಥಾಯಿಯ ಸದ್ದು ತುಂಬಾ ಇರುತ್ತೆ. ಅದನ್ನ ಹಾಗೇ ಆಂಪ್‌ನ ಡಿಸ್ಟಾರ್ಷನ್‌ಗೆ ಕೊಟ್ರೆ ಬರೋದು ಕೆಸರು. ಮಿಕ್ಸಿ ಜಾರಿಗೆ ಮೂತಿವರೆಗೂ ತುಂಬಿದ್ರೆ ರುಬ್ಬಲ್ಲ, ಬರೀ ಗುರ್ ಅನ್ನುತ್ತಲ್ಲ, ಹಾಗೆ. ಅದಕ್ಕೆ ಗಿಟಾರ್ ಮತ್ತು ಆಂಪ್ ಮಧ್ಯೆ ಒಂದು ಓವರ್‌ಡ್ರೈವ್ ಪೆಡಲ್ ಇಡ್ತಾರೆ. ಐಬನೇಜ್ ಕಂಪನಿಯ ಹಸಿರು ಬಣ್ಣದ ಟ್ಯೂಬ್ ಸ್ಕ್ರೀಮರ್ ಇದಕ್ಕೆ ಪ್ರಸಿದ್ಧ. ಅದರ ಡ್ರೈವ್ ತಿರುಗಣೆಯನ್ನ ಸೊನ್ನೆ ಹತ್ತಿರ ಇಟ್ಟು, ಲೆವೆಲ್ ಮಾತ್ರ ಏರಿಸ್ತಾರೆ. ಅಂದ್ರೆ ಆ ಪೆಡಲನ್ನ ಅದು ಹುಟ್ಟಿದ ಉದ್ದೇಶಕ್ಕೆ ಬಳಸೋದೇ ಇಲ್ಲ! ಅದು ಕೆಳಸ್ಥಾಯಿಯನ್ನ ಸ್ವಲ್ಪ ಕತ್ತರಿಸಿ, ಮಧ್ಯಮ ಸ್ಥಾಯಿಯನ್ನ ಮುಂದೆ ತಳ್ಳುತ್ತೆ. ಆಂಪ್‌ಗೆ ಉಸಿರಾಡೋಕೆ ಜಾಗ ಸಿಗುತ್ತೆ, ಪೆಟ್ಟು ಪೆಟ್ಟಾಗೇ ಕೇಳುತ್ತೆ. ಇದರ ಜೊತೆಗೆ ನಾಯ್ಸ್ ಗೇಟ್. ಸದ್ದು ಒಂದು ಮಟ್ಟಕ್ಕಿಂತ ಇಳಿದ ತಕ್ಷಣ ಬಾಗಿಲು ಹಾಕಿಬಿಡೋ ಯಂತ್ರ. ಎರಡು ಪೆಟ್ಟಿನ ನಡುವೆ ಇರೋ ಮೌನ ಪೂರ್ತಿ ಮೌನವಾಗಿರಬೇಕು, ಅದು ಇದ್ದರೇ ಪೆಟ್ಟಿಗೆ ತೂಕ.

ಈಗ ಆ ಕೆಲಸ. ಪೆರಿಫೆರಿಯ 'ಐಕರಸ್ ಲಿವ್ಸ್' ಹಾಡು ಹಾಕಿ. ಮೊದಲು ಎರಡೂ ಕಿವಿಯಲ್ಲಿ ಕೇಳಿ. ಆಮೇಲೆ ಎಡಗಡೆಯ ಇಯರ್‌ಫೋನ್ ತೆಗೀರಿ. ಸದ್ದು ಚಿಕ್ಕದಾಯ್ತು ಅಲ್ವಾ? ಇಂಥ ಸಂಗೀತದಲ್ಲಿ ಒಂದೇ ರಿಫ್ ಅನ್ನ, ಅಂದ್ರೆ ಮತ್ತೆ ಮತ್ತೆ ಬರೋ ಗಿಟಾರ್ ತುಣುಕನ್ನ, ಕನಿಷ್ಠ ಎರಡು ಸಲ ಬೇರೆ ಬೇರೆಯಾಗಿ ನುಡಿಸಿ ಒಂದನ್ನ ಎಡಕ್ಕೆ, ಇನ್ನೊಂದನ್ನ ಬಲಕ್ಕೆ ಇಡ್ತಾರೆ. ಕಾಪಿ-ಪೇಸ್ಟ್ ಮಾಡಿದ್ರೆ ಈ ಅಗಲ ಬರಲ್ಲ. ಎರಡೂ ನಿಜವಾಗಿ ನುಡಿಸಿದ್ದಾಗಿರಬೇಕು, ಕೂದಲೆಳೆಯಷ್ಟು ವ್ಯತ್ಯಾಸ ಇರಬೇಕು. ಆದ್ರೆ ಆ ವ್ಯತ್ಯಾಸ ಕೂದಲೆಳೆಗಿಂತ ಜಾಸ್ತಿ ಆದ್ರೆ ಇಡೀ ಗೋಡೆ ಕುಸಿಯುತ್ತೆ. ಕಂಪ್ಯೂಟರ್ ಇದ್ದ ಮಾತ್ರಕ್ಕೆ ಕೈ ಸಾಧನೆ ಬೇಡ ಅನ್ನೋರು ಇದೊಂದನ್ನ ಮನೇಲಿ ಪ್ರಯತ್ನ ಮಾಡಿ ನೋಡಲಿ.

ಇನ್ನು ಲಯ. ಈ ಸಂಗೀತ ಮೊದಲ ಸಲ ಕೇಳಿದಾಗ 'ತಾಳ ತಪ್ಪಿದೆ' ಅನಿಸುತ್ತೆ. ತಪ್ಪಿಲ್ಲ. ನಮ್ಮಲ್ಲಿ ಕಚೇರಿ ಕೇಳಿ ಬೆಳೆದವರಿಗೆ ಇದನ್ನ ಅರ್ಥ ಮಾಡಿಸೋದು ಸುಲಭ. ಆದಿತಾಳದಲ್ಲಿ ಎಂಟು ಎಣಿಕೆ, ಒಂದೊಂದಕ್ಕೆ ನಾಲ್ಕು ಮಾತ್ರೆ, ಒಟ್ಟು 32. ಎರಡು ಆವರ್ತಕ್ಕೆ 64. ಈಗ ಏಳು ಮಾತ್ರೆಯ ಒಂದು ಸೊಲ್ಲು ತಗೊಳ್ಳಿ: ತಕಿಟ ತಕಧಿಮಿ, ತಕಿಟ ತಕಧಿಮಿ. ಕೈಯಲ್ಲಿ ಆದಿತಾಳ ಹಾಕ್ತಾ ಬಾಯಲ್ಲಿ ಇದನ್ನ ಹೇಳಿ. ಎರಡನೇ ಸುತ್ತಿಗೇ ಬಾಯಿ ಒಂದು ಕಡೆ, ಕೈ ಒಂದು ಕಡೆ. ಆದರೆ ಒಂಬತ್ತು ಸುತ್ತು ಆದಾಗ 63, ಕೊನೆಗೊಂದು ಮಾತ್ರೆ ಸೇರಿಸಿದ್ರೆ 64, ಸರಿಯಾಗಿ ಸಮಕ್ಕೆ ಬಂದು ನಿಲ್ತೀರಿ. ಮೆಶುಗಾ ಶುರು ಮಾಡಿದ, ಪೆರಿಫೆರಿ ಮುಂದುವರಿಸಿದ ಆಟ ಬಹುಪಾಲು ಇದೇ ಜಾತಿಯದು. ಡ್ರಮ್ಮರ್‌ನ ಒಂದು ಕೈ ನಾಲ್ಕರ ಲೆಕ್ಕ ಬಿಡದೆ ಹಿಡಿದಿರುತ್ತೆ, ಗಿಟಾರ್ ಮತ್ತು ಕಾಲಿನ ಡ್ರಮ್ ಐದೋ ಏಳೋ ಹನ್ನೊಂದೋ ಲೆಕ್ಕದಲ್ಲಿ ಜಾರ್ತಾ ಹೋಗುತ್ತೆ. ವ್ಯತ್ಯಾಸ ಏನಂದ್ರೆ, ನಮ್ಮ ವಿದ್ವಾಂಸರು ಕೊನೆಯನ್ನ ಗಣಿತ ಹಾಕಿ ಚೊಕ್ಕವಾಗಿ ಕೂರಿಸ್ತಾರೆ. ಇವರು ಎಷ್ಟೋ ಸಲ ಜಾಗ ಮುಗೀತು ಅಂದ ಕೂಡಲೆ ರಿಫ್ಫನ್ನ ಅರ್ಧಕ್ಕೇ ಕತ್ತರಿಸಿ ಮತ್ತೆ ಮೊದಲಿಂದ ಶುರು ಮಾಡ್ತಾರೆ. ನನ್ನ ಕಿವಿಗೆ ಎರಡೂ ಮಜಾನೇ.

ಪ್ರೊಡ್ಯೂಸರ್ ಅಂದ್ರೆ ದುಡ್ಡು ಹಾಕೋರಲ್ಲ

ನಮ್ಮಲ್ಲಿ ಪ್ರೊಡ್ಯೂಸರ್ ಅಂದ ತಕ್ಷಣ ಗಾಂಧಿನಗರ ನೆನಪಾಗುತ್ತೆ. ನಿರ್ಮಾಪಕರು, ಅಂದ್ರೆ ದುಡ್ಡು ಹಾಕೋರು. ರೆಕಾರ್ಡ್ ಪ್ರೊಡ್ಯೂಸರ್ ಬೇರೆ. ಸಿನಿಮಾದಲ್ಲಿ ನಿರ್ದೇಶಕರು ಏನೋ, ಆಲ್ಬಮ್ಮಿಗೆ ಇವರು ಅದು. ಈ ಹಾಡಿಗೆ ಈ ಭಾಗ ಬೇಕಾ, ಗಿಟಾರ್ ಸದ್ದು ಹೇಗಿರಬೇಕು, ಈ ಟೇಕ್ ಸಾಕಾ ಇನ್ನೊಂದು ಬೇಕಾ, ಎಲ್ಲ ತೀರ್ಮಾನ ಇವರದು.

ಮಿಶಾ ಅವರ ಈ ಕೆಲಸ ಏನು ಮಾಡಬಲ್ಲದು ಅಂತ ತೋರಿಸಿದ್ದು 2009ರ ಒಂದು ಆಲ್ಬಂ. ಅದೇ ವಾಷಿಂಗ್ಟನ್ ಸೀಮೆಯ ಇನ್ನೊಬ್ಬ ಗಿಟಾರ್ ವಾದಕ ಟೋಸಿನ್ ಅಬಾಸಿ. ಅವರಿದ್ದ ಬ್ಯಾಂಡು ಮುಗಿದಿತ್ತು. ಪ್ರಾಸ್ಥೆಟಿಕ್ ರೆಕಾರ್ಡ್ಸ್ ಅನ್ನೋ ಕಂಪನಿ ನಿಮ್ಮದೇ ಒಂದು ಆಲ್ಬಂ ಮಾಡಿ ಅಂತ ಕೇಳಿತ್ತು. ಅಬಾಸಿ ಹತ್ತಿರ ಬೆರಗುಗೊಳಿಸೋ ಕೈ ಇತ್ತು, ಹಾಡಿನ ಚೂರುಗಳಿದ್ವು, ಡ್ರಮ್ಮರ್ ಇರಲಿಲ್ಲ, ಹಾಡುಗಾರ ಬೇಡವೇ ಬೇಡ ಅಂತಿತ್ತು. ಇಬ್ಬರೂ ಕೂತರು. ಗಿಟಾರ್, ಬಾಸ್ ಅಬಾಸಿಯದು. ಡ್ರಮ್ಸ್ ಪ್ರೋಗ್ರಾಂ ಮಾಡಿ, ರೆಕಾರ್ಡ್ ಮಾಡಿ, ಒಟ್ಟು ಸದ್ದಿಗೆ ಆಕಾರ ಕೊಟ್ಟಿದ್ದು ಮಿಶಾ. 'ಅನಿಮಲ್ಸ್ ಆಸ್ ಲೀಡರ್ಸ್' ಅಂತ ಹೆಸರು. ಇಬ್ಬರೇ ಕೂತು ಮಾಡಿದ ಆ ಆಲ್ಬಂ ಈ ಶತಮಾನದ ಗಿಟಾರ್ ಸಂಗೀತದ ದಿಕ್ಕನ್ನ ತಿರುಗಿಸಿದ ಕೆಲವೇ ಕೆಲಸಗಳಲ್ಲಿ ಒಂದು. ಇದು ಅತಿ ಅನಿಸಿದ್ರೆ 'ಕಾಫೋ' ಅನ್ನೋ ಹಾಡು ಹಾಕಿ ಕೇಳಿ, ಆಮೇಲೆ ಮಾತಾಡೋಣ. ಒಬ್ಬನೂ ಡ್ರಮ್ ಮುಟ್ಟದೆ ಮಾಡಿದ ಆ ಭಾಗಗಳನ್ನ ಆಮೇಲೆ ಡ್ರಮ್ಮರ್‌ಗಳು ಕಲಿತು ವೇದಿಕೆ ಮೇಲೆ ಬಾರಿಸಬೇಕಾಯ್ತು ಅನ್ನೋದು ಇನ್ನೊಂದು ತಮಾಷೆ.

ಆಮೇಲೆ 2012ರಲ್ಲಿ ವೇಲ್ ಆಫ್ ಮಾಯಾ ಬ್ಯಾಂಡಿನ 'ಎಕ್ಲಿಪ್ಸ್', 2014ರಲ್ಲಿ ಅನಿಮಲ್ಸ್ ಆಸ್ ಲೀಡರ್ಸ್‌ನ 'ದ ಜಾಯ್ ಆಫ್ ಮೋಷನ್' ಹೀಗೆ ಬೇರೆಯವರ ಕೆಲಸಕ್ಕೂ ಕೈ ಹಾಕಿದರು. ಅದೇ 2014ರಲ್ಲಿ 'ಹೇಲೋ 2 ಆನಿವರ್ಸರಿ' ವಿಡಿಯೊ ಗೇಮ್‌ನಲ್ಲೂ ಇವರ ಗಿಟಾರ್ ಇದೆ. ಗೇಮ್ ಆಡಿದವರು ಯಾರ ಕೈ ಅಂತ ಗೊತ್ತಿಲ್ಲದೇ ಕೇಳಿರ್ತೀರಿ.

ಬ್ಯಾಂಡ್ ಕಟ್ಟೋ ಕಷ್ಟ

ಕಂಪ್ಯೂಟರ್ ಡ್ರಮ್ಮರ್ ಜಗಳ ಆಡಲ್ಲ, ಬಿಟ್ಟು ಹೋಗಲ್ಲ. ಮನುಷ್ಯರು ಹಾಗಲ್ಲವಲ್ಲ. ಪೆರಿಫೆರಿ ಶುರುವಾಗಿದ್ದು 2005ರಲ್ಲಿ. ಮೊದಲ ಆಲ್ಬಂ ಬಂದಿದ್ದು 2010ರ ಏಪ್ರಿಲ್ 20ಕ್ಕೆ. ಐದು ವರ್ಷ! ಅಷ್ಟರಲ್ಲಿ ಡ್ರಮ್ಮರ್ ಬದಲಾದರು, ಹಾಡುಗಾರರು ಒಬ್ಬರಾದ ಮೇಲೆ ಒಬ್ಬರು ಬದಲಾದರು. ಬಲ್ಬ್‌ನ ಡೆಮೊಗಳು ಎಷ್ಟೋ ಮೊದಲೇ ಊರೆಲ್ಲ ಹರಡಿದ್ವು, ಅದಕ್ಕೆ ಸರಿಯಾದ ದನಿ ಸಿಕ್ತಿರಲಿಲ್ಲ. ಆಲ್ಬಂ ಬಿಡುಗಡೆಗೆ ಕೆಲವೇ ತಿಂಗಳು ಇದೆ ಅನ್ನೋವಾಗ ಆಗಿನ ಹಾಡುಗಾರ ಕ್ರಿಸ್ ಬರೆಟ್ಟೋ ಹೊರಗೆ, ಸ್ಪೆನ್ಸರ್ ಸೊಟೆಲೊ ಒಳಗೆ. ತಯಾರಾಗಿದ್ದ ಸಂಗೀತದ ಮೇಲೆ ಸೊಟೆಲೊ ಹೊಸದಾಗಿ ಹಾಡಬೇಕಾಯ್ತು. ಬೇರೆಯವರಿಗೆ ಅಂತ ಹೊಲಿಸಿಟ್ಟ ಅಂಗಿ ತೊಟ್ಕೊಂಡು ಮದುವೆಗೆ ಹೋದ ಹಾಗೆ. ಆ ಆಲ್ಬಮ್ಮಿನ ಹಾಡುಗಾರಿಕೆ ಅಲ್ಲಲ್ಲಿ ಸಂಗೀತದ ಹಿಂದೆ ಓಡ್ತಿರೋ ಹಾಗೆ ನನಗೆ ಕೇಳೋದು ಇದಕ್ಕೇ ಇರಬಹುದು. ಕೊನೆಯಲ್ಲಿರೋ 15 ನಿಮಿಷದ 'ರೇಸ್‌ಕಾರ್' ಮಾತ್ರ ಇವತ್ತಿಗೂ ಹಳಸಿಲ್ಲ.

ಎರಡನೇ ಆಲ್ಬಂ 2012ರಲ್ಲಿ. ಅದರಲ್ಲಿ 'ಎರಿಸೆಡ್' ಅನ್ನೋ ಹಾಡಿದೆ, ಅದರ ಗಿಟಾರ್ ಸೋಲೊ ನುಡಿಸಿದ್ದು ಜಾನ್ ಪೆಟ್ರೂಚಿ. ಹೌದು, ಯಾರ ಅಭಿಮಾನಿ ವೇದಿಕೆಯಲ್ಲಿ ಬಲ್ಬ್ ಅನ್ನೋ ಹುಡುಗ ಡೆಮೊ ಹಾಕ್ತಿದ್ನೋ ಅದೇ ಪೆಟ್ರೂಚಿ. ಇದೇ ಆಲ್ಬಂನಲ್ಲಿ ಗಥ್ರಿ ಗೋವನ್ ಕೂಡ ಒಂದು ಹಾಡಿಗೆ ಸೋಲೊ ಕೊಟ್ಟಿದ್ದಾರೆ.

ನಿಜವಾದ ತಿರುವು 2015ರ ಜನವರಿಯಲ್ಲಿ. 'ಜಗ್ಗರ್ನಾಟ್' ಅನ್ನೋ ಒಂದೇ ಕತೆಯನ್ನ 'ಆಲ್ಫಾ', 'ಒಮೆಗಾ' ಅಂತ ಎರಡು ಆಲ್ಬಂ ಮಾಡಿ ಒಂದೇ ದಿನ ಬಿಟ್ರು. (ಜಗ್ಗರ್ನಾಟ್ ಅನ್ನೋ ಇಂಗ್ಲಿಷ್ ಪದ ಹುಟ್ಟಿದ್ದೇ ನಮ್ಮ ಪುರಿ ಜಗನ್ನಾಥನ ರಥದಿಂದ, ಗೊತ್ತಿರಲಿ.) ಎರಡೂ ಅಮೆರಿಕದ ಬಿಲ್‌ಬೋರ್ಡ್ 200 ಪಟ್ಟಿಯಲ್ಲಿ ಮೊದಲ 30ರೊಳಗೆ ಬಂದವು. ಆದರೆ ತಿರುವು ಅಂದಿದ್ದು ಅದಕ್ಕಲ್ಲ. ಅಲ್ಲಿವರೆಗೆ ಹಾಡುಗಳ ಬೀಜ ಬಹುಪಾಲು ಮಿಶಾ ಅವರ ಕಂಪ್ಯೂಟರಿನಿಂದಲೇ ಬರ್ತಿತ್ತು. ಈ ಸಲ ಜೇಕ್ ಬೋವೆನ್, ಮಾರ್ಕ್ ಹಾಲ್ಕಂ, ಡ್ರಮ್ಮರ್ ಮ್ಯಾಟ್ ಹಾಲ್ಪರ್ನ್, ಬಾಸ್ ವಾದಕ ಆಡಂ 'ನಾಲಿ' ಗೆಟ್‌ಗುಡ್, ಸೊಟೆಲೊ ಎಲ್ಲ ಒಟ್ಟಿಗೆ ಕೂತು ಬರೆದರು. ಎಲ್ಲವನ್ನೂ ಒಬ್ಬನೇ ಮಾಡಬಲ್ಲೆ ಅಂತ ಸಾಬೀತು ಮಾಡಿದ ಮನುಷ್ಯ ಐದು ಜನರಿಗೆ ಜಾಗ ಬಿಟ್ಟುಕೊಡೋದು ಸುಲಭದ ಮಾತಲ್ಲ. ಗ್ರ್ಯಾಮಿ ಪಟ್ಟಿಗೆ ಹೋದ ಹಾಡು ಇದರ ಮುಂದಿನ, 2016ರ 'ಪೆರಿಫೆರಿ 3: ಸೆಲೆಕ್ಟ್ ಡಿಫಿಕಲ್ಟಿ' ಆಲ್ಬಮ್ಮಿನದು.

ಈಗ ದುಡ್ಡಿನ ಮಾತು

ಟಿಕೆಟ್ ಮಾರಾಟ ಆಗುತ್ತೆ, ಹಾಡು ಜನ ಕೇಳ್ತಾರೆ. ಆದ್ರೂ ಯಾಕೆ ಸಾಲಲ್ಲ?

ಲೆಕ್ಕ ಹಾಕೋಣ. ಪ್ರವಾಸ ಹೊರಟ ಬ್ಯಾಂಡಿನಲ್ಲಿ ಐದಾರು ಜನ. ಜೊತೆಗೆ ಸೌಂಡ್ ನೋಡ್ಕೊಳ್ಳೋರು, ಲೈಟ್ ನೋಡ್ಕೊಳ್ಳೋರು, ಗಿಟಾರ್ ಶ್ರುತಿ ಮಾಡಿ ಕೈಗೆ ಕೊಡೋರು, ಟೀಶರ್ಟ್ ಮಾರೋರು. ಇವರೆಲ್ಲರಿಗೆ ಸಂಬಳ, ಊಟ. ಬಸ್ ಬಾಡಿಗೆ, ಡೀಸೆಲ್. ಬೇರೆ ದೇಶ ಅಂದ್ರೆ ವೀಸಾ, ವಿಮಾನ, ಸಾಮಾನು ಸಾಗಣೆ. ಮ್ಯಾನೇಜರ್‌ಗೆ, ಬುಕಿಂಗ್ ಏಜೆಂಟ್‌ಗೆ ಪಾಲು. ಟೀಶರ್ಟ್ ಮಾರಿದ್ರೆ ಎಷ್ಟೋ ಸಭಾಂಗಣಗಳು ಅದರಲ್ಲೂ ಪಾಲು ಕೇಳ್ತವೆ. ಸ್ಟ್ರೀಮಿಂಗ್‌ನಲ್ಲಿ ಒಂದು ಸಲ ಕೇಳಿದ್ದಕ್ಕೆ ಸಿಗೋದು ಪೈಸೆ ಲೆಕ್ಕ, ಅದರಲ್ಲಿ ಕಂಪನಿ ತನ್ನದನ್ನ ಹಿಡ್ಕೊಂಡು ಮಿಕ್ಕಿದ್ದನ್ನ ಐದಾರು ಭಾಗ ಮಾಡಬೇಕು. ಸಿನಿಮಾ ಹಾಡಿನಷ್ಟು ಕೇಳುಗರು ಇರೋ ಸಂಗೀತವೂ ಇದಲ್ಲ.

ಇಲ್ಲೇ ಮಿಶಾ ಬೇರೆ ಥರ ಯೋಚನೆ ಮಾಡಿದ್ದು. ಬ್ಯಾಂಡಿನಿಂದ ದುಡ್ಡು ಬರಲೇಬೇಕು ಅಂತ ಹಟ ಹಿಡಿದ್ರೆ ದುಡ್ಡು ಬರೋ ಥರದ ಸಂಗೀತ ಮಾಡಬೇಕಾಗುತ್ತೆ. ಅದರ ಬದಲು, ಬ್ಯಾಂಡನ್ನ ಸಂಪಾದನೆಯ ಹೊರೆಯಿಂದಲೇ ಬಿಡಿಸಿಬಿಟ್ರೆ? ಇಷ್ಟು ವರ್ಷ ಎಲ್ಲರೂ ಅವರನ್ನ ಕೇಳ್ತಿದ್ದಿದ್ದು ಒಂದೇ ಪ್ರಶ್ನೆ, 'ಈ ಸೌಂಡ್ ಹೇಗೆ ತೆಗೆದ್ರಿ?' ಆ ಪ್ರಶ್ನೆಯ ಉತ್ತರವನ್ನೇ ಮಾರಬಹುದಲ್ಲ!

ಮೊದಲು ಬೇರೆಯವರ ಕಂಪನಿಗಳ ಮೂಲಕ. ಜಾಕ್ಸನ್ ಕಂಪನಿ ಇವರ ಜೊತೆ ಸೇರಿ 'ಜಗ್ಗರ್ನಾಟ್' ಅನ್ನೋ ಗಿಟಾರ್ ಮಾಲಿಕೆ ತಂತು. ಇಂಗ್ಲೆಂಡಿನ ಬೇರ್ ನಕಲ್ ಕಂಪನಿ ಇವರಿಗೆ ಅಂತ ಪಿಕಪ್ ಮಾಡಿತು. ಪೀವಿ ಕಂಪನಿ 'ಇನ್ವೆಕ್ಟಿವ್' ಅನ್ನೋ ಆಂಪ್ ತಂತು. ಆಮೇಲೆ ತಮ್ಮದೇ ಕಂಪನಿ, ಹೊರೈಜನ್ ಡಿವೈಸಸ್. ಅದರ ಹೆಸರುವಾಸಿ ಪೆಡಲ್ 'ಪ್ರಿಸಿಷನ್ ಡ್ರೈವ್' ಏನು ಮಾಡುತ್ತೆ ಗೊತ್ತಾ? ಆಗಲೇ ಹೇಳಿದ್ನಲ್ಲ, ಹಸಿರು ಪೆಡಲ್‌ನ ಡ್ರೈವ್ ಸೊನ್ನೆಗಿಟ್ಟು ಮಾಡೋ ಆ ಉಪಾಯ. ಅದಕ್ಕೇ ಅಂತ ಹುಟ್ಟಿದ ಪೆಡಲ್ ಇದು. ಕೆಳಸ್ಥಾಯಿ ಎಷ್ಟು ಕತ್ತರಿಸಬೇಕು ಅಂತ ಹೇಳೋಕೆ ಒಂದು ತಿರುಗಣೆ, ಒಳಗೇ ನಾಯ್ಸ್ ಗೇಟ್. ಎಲ್ಲರೂ ಇನ್ನೊಂದು ಉದ್ದೇಶದ ವಸ್ತುವನ್ನ ತಿರುಚಿ ಬಳಸ್ತಿದ್ದಾಗ ಇವರು ಆ ಬಳಕೆಗೇ ಒಂದು ವಸ್ತು ಮಾಡಿದರು.

ಇನ್ನೊಂದು, ನಾಲಿ ಗೆಟ್‌ಗುಡ್ ಮತ್ತು ಮ್ಯಾಟ್ ಹಾಲ್ಪರ್ನ್ ಜೊತೆ ಸೇರಿ ಕಟ್ಟಿದ ಗೆಟ್‌ಗುಡ್ ಡ್ರಮ್ಸ್. ಒಳ್ಳೆ ಸ್ಟುಡಿಯೊದಲ್ಲಿ, ಒಳ್ಳೆ ಮೈಕ್ ಇಟ್ಟು ಒಂದೊಂದೇ ಪೆಟ್ಟು ರೆಕಾರ್ಡ್ ಮಾಡಿದ ಡ್ರಮ್ ಸಾಫ್ಟ್‌ವೇರ್. ಹತ್ತು ವರ್ಷದ ಹಿಂದೆ ಬೆಥೆಸ್ಡಾದ ಹುಡುಗನಿಗೆ ಏನು ಬೇಕಿತ್ತೋ ಅದನ್ನೇ ಈಗ ಜಗತ್ತಿನ ಎಲ್ಲ ಬೆಡ್‌ರೂಮಿನ ಹುಡುಗರಿಗೆ ಮಾರೋದು. ನಾಲಿ 2017ರಲ್ಲಿ ಬ್ಯಾಂಡ್ ಬಿಟ್ಟು ಪೂರ್ತಿ ಪ್ರೊಡಕ್ಷನ್ ಕಡೆ ಹೋದರು. ಆದರೆ ವ್ಯಾಪಾರದಲ್ಲಿ ಜೊತೆಗಿದ್ದರು, ಬ್ಯಾಂಡಿನ ರೆಕಾರ್ಡಿಂಗ್‌ಗೂ ಬಂದರು. ಬೇರೆಯಾಗೋದು ಅಂದ್ರೆ ಮುಖ ತಿರುಗಿಸೋದೇ ಅಂತೇನಿಲ್ಲ ಅನ್ನೋದಕ್ಕೆ ಮೆಟಲ್ ಲೋಕದಲ್ಲಿ ಇಂಥ ಉದಾಹರಣೆ ಕಮ್ಮಿ.

ಕೊನೆಗೆ ಬ್ಯಾಂಡೇ 3ಡಾಟ್ ರೆಕಾರ್ಡಿಂಗ್ಸ್ ಅನ್ನೋ ತನ್ನ ಲೇಬಲ್ ಮಾಡ್ಕೊಂಡಿತು. 2019ರ ಏಪ್ರಿಲ್‌ನಲ್ಲಿ 'ಪೆರಿಫೆರಿ 4: ಹೇಲ್ ಸ್ಟಾನ್' ಅದರಿಂದಲೇ ಬಂತು. ಆಲ್ಬಮ್ಮಿನ ಮೊದಲ ಹಾಡು 'ರೆಪ್ಟೈಲ್', 16 ನಿಮಿಷಕ್ಕಿಂತ ಉದ್ದ. ಮೊದಲ ಹಾಡೇ 16 ನಿಮಿಷ ಅಂದ್ರೆ ಯಾವ ಕಂಪನಿ ತಾನೇ ಹಣೆ ಚಚ್ಕೊಳ್ಳಲ್ಲ? ಹೊಟ್ಟೆಪಾಡು ಬೇರೆ ಕಡೆಯಿಂದ ಬರ್ತಿದೆ, ಕಂಪನಿ ತಮ್ಮದೇ ಆಗಿದೆ ಅನ್ನೋದರ ಅರ್ಥ ಆ 16 ನಿಮಿಷದಲ್ಲಿದೆ.

ಆದರೆ ಒಂದು ಕಿರಿಕಿರಿ

ಇದನ್ನೆಲ್ಲ 'ಸಕ್ಸಸ್ ಸ್ಟೋರಿ' ಅಂತ ಹೇಳಿ ಮುಗಿಸೋಕೆ ನನಗೆ ಮನಸ್ಸಿಲ್ಲ. ಯಾಕಂದ್ರೆ ಈ ಲೆಕ್ಕದಲ್ಲಿ ಸಂಗೀತ ಕೇಳೋರು ದುಡ್ಡು ಕೊಡ್ತಿಲ್ಲ, ಸಂಗೀತ ಮಾಡೋರು ದುಡ್ಡು ಕೊಡ್ತಿದ್ದಾರೆ. ಗಿಟಾರ್ ವಾದಕನ ಗಿರಾಕಿಗಳು ಇನ್ನಷ್ಟು ಗಿಟಾರ್ ವಾದಕರು. ನುಡಿಸೋ ಹುಚ್ಚಿರೋರು ಜಾಸ್ತಿ ಇರೋ ಮೆಟಲ್‌ನಂಥ ಕಡೆ ಇದು ನಡೆಯುತ್ತೆ. ಒಬ್ಬ ಒಳ್ಳೆ ಗಾಯಕಿ ಏನು ಮಾರಬೇಕು? ಹಾಡು ಬರೆಯೋರು ಏನು ಮಾರಬೇಕು? ಪೆನ್ನಾ? ಪ್ರತಿಯೊಬ್ಬ ಕಲಾವಿದರೂ ಪಕ್ಕದಲ್ಲೊಂದು ಅಂಗಡಿ ತೆರೀಬೇಕು ಅಂತಾದ್ರೆ, ಅಂಗಡಿ ನಡೆಸೋ ಬುದ್ಧಿ ಇಲ್ಲದ, ಬರೀ ಸಂಗೀತ ಮಾತ್ರ ಗೊತ್ತಿರೋರು ಎಲ್ಲಿಗೆ ಹೋಗಬೇಕು? ಮಿಶಾ ಅವರದ್ದು ತಪ್ಪು ಅಂತಲ್ಲ. ಅವರು ದಾರಿ ಕಂಡ್ಕೊಂಡ್ರು. ಆ ದಾರಿ ಎಲ್ಲರದ್ದಲ್ಲ, ಅಷ್ಟೇ.

ಇನ್ನೊಂದು, ಎಲ್ಲರ ಹತ್ರನೂ ಅದೇ ಡ್ರಮ್ ಸಾಫ್ಟ್‌ವೇರ್, ಅದೇ ಪೆಡಲ್, ಅದೇ ಆಂಪ್ ನಕಲು. 2010ರ ನಂತರ ಬಂದ ನೂರಾರು ಜೆಂಟ್ ಬ್ಯಾಂಡುಗಳ ಹಾಡನ್ನ ಸಾಲಾಗಿ ಹಾಕಿದ್ರೆ ಯಾವುದು ಯಾರದ್ದು ಅಂತ ಹೇಳೋದು ಕಷ್ಟ. ಬಲ್ಬ್‌ನ ಡೆಮೊಗಳಲ್ಲಿ ಇದ್ದಿದ್ದು ಬರೀ ಸದ್ದಲ್ಲ. ಅಲ್ಲಿ ಜಪಾನಿ ವಿಡಿಯೊ ಗೇಮ್‌ಗಳ ಮಾಧುರ್ಯ ಇತ್ತು, ಎಲೆಕ್ಟ್ರಾನಿಕ್ ಸಂಗೀತ ಇತ್ತು, ತಮಾಷೆ ಇತ್ತು. ನಕಲು ಮಾಡಿದವರು ಹಿಡ್ಕೊಂಡಿದ್ದು 'ಜೆಂಟ್' ಅನ್ನೋ ಪೆಟ್ಟನ್ನ ಮಾತ್ರ. 2023ರ ಮಾರ್ಚ್‌ನಲ್ಲಿ ಪೆರಿಫೆರಿ ತನ್ನ ಏಳನೇ ಆಲ್ಬಮ್ಮಿಗೆ 'ಜೆಂಟ್ ಈಸ್ ನಾಟ್ ಎ ಜಾನ್ರಾ' ಅಂತಲೇ ಹೆಸರಿಟ್ಟಿತು. ಜೆಂಟ್ ಒಂದು ಪ್ರಕಾರವೇ ಅಲ್ಲ ಅಂತ! ಆ ಪದವನ್ನ ಹಬ್ಬಿಸಿದವರೇ ಹೀಗಂದ್ರೆ ಅದು ಅರ್ಧ ಜೋಕು, ಅರ್ಧ ಬೇಸರ ಅಂತ ನಾನು ಓದ್ಕೊಳ್ತೀನಿ.

ನಮ್ಮ ಕಡೆ

ಈ ದಾರಿ ಭಾರತಕ್ಕೂ ಬಂದಿದೆ. ದೆಹಲಿಯ ಕೇಶವ್ ಧರ್ ಕೂಡ ಗಿಟಾರ್ ವಾದಕ, ಪ್ರೊಡ್ಯೂಸರ್. ಅವರೂ ಮನೆಯಲ್ಲೇ ಒಬ್ಬರೇ ರೆಕಾರ್ಡ್ ಮಾಡಿ ಇಂಟರ್‌ನೆಟ್‌ಗೆ ಹಾಕ್ತಾ ಶುರು ಮಾಡಿದ್ದು. ಅದೇ ಮುಂದೆ ಸ್ಕೈಹಾರ್ಬರ್ ಬ್ಯಾಂಡ್ ಆಯ್ತು. 2012ರಲ್ಲಿ ಮೊದಲ ಆಲ್ಬಂ ಬಂದಾಗ ಹಾಡಿದವರಲ್ಲಿ ಒಬ್ಬರು ಬ್ರಿಟನ್ನಿನ ಟೆಸೆರಾಕ್ಟ್ ಬ್ಯಾಂಡಿನ ಡ್ಯಾನಿಯಲ್ ಟಾಂಪ್ಕಿನ್ಸ್, ಅತಿಥಿಯಾಗಿ ಸೋಲೊ ಕೊಟ್ಟಿದ್ದು ಮೆಗಾಡೆತ್‌ನಲ್ಲಿದ್ದ ಮಾರ್ಟಿ ಫ್ರೀಡ್‌ಮನ್. ದೆಹಲಿಯ ಒಂದು ಮನೆಯಿಂದ! ಬೆಂಗಳೂರಿನ ಪ್ರಾಜೆಕ್ಟ್ ಮಿಶ್ರಂ ಕೇಳಿಲ್ಲ ಅಂದ್ರೆ ಕೇಳಿ. ಕರ್ನಾಟಕ ಸಂಗೀತ ಮತ್ತು ಈ ಭಾರದ ಗಿಟಾರ್ ಎರಡನ್ನೂ ಒಂದೇ ಹಾಡಿನಲ್ಲಿ ಕೂರಿಸ್ತಾರೆ. ನಾನು ಮೇಲೆ ಹೇಳಿದ ತಕಿಟ ತಕಧಿಮಿ ಲೆಕ್ಕ ಅಲ್ಲಿ ಬರೀ ಹೋಲಿಕೆಯಾಗಿ ಉಳಿಯಲ್ಲ.

ಹೊಸಬರು ಎಲ್ಲಿಂದ ಶುರು ಮಾಡೋದು? ಕಿರುಚೋದು ಇಷ್ಟ ಇಲ್ಲ ಅನ್ನೋರು ಹಾಡುಗಾರರೇ ಇಲ್ಲದ 'ಅನಿಮಲ್ಸ್ ಆಸ್ ಲೀಡರ್ಸ್' ಮೊದಲ ಆಲ್ಬಂ ಹಾಕಿ. ರಾಗ ಬೇಕು ಅನ್ನೋರು 'ಹೇಲ್ ಸ್ಟಾನ್'ನಲ್ಲಿರೋ 'ಇಟ್ಸ್ ಓನ್ಲಿ ಸ್ಮೈಲ್ಸ್' ಕೇಳಿ. ಬಲ್ಬ್‌ನ ಹಳೆ ಡೆಮೊಗಳನ್ನ ಮಿಶಾ 2020ರಿಂದೀಚೆಗೆ 'ಆರ್ಕೈವ್ಸ್' ಅನ್ನೋ ಹೆಸರಲ್ಲಿ ಸಂಪುಟ ಸಂಪುಟವಾಗಿ ಬಿಟ್ಟಿದ್ದಾರೆ, ಕೋಣೆಯಲ್ಲಿ ಕೂತ ಆ ಹುಡುಗ ಹೇಗಿದ್ದ ಅಂತ ನೋಡೋಕೆ ಅದಕ್ಕಿಂತ ಒಳ್ಳೆ ಕಿಟಕಿ ಇಲ್ಲ. ಪೂರ್ತಿ ಧೈರ್ಯ ಬಂದ ಮೇಲೆ 2023ರ ಆಲ್ಬಮ್ಮಿನ ಕೊನೆಯ ಹಾಡು 'ಥ್ಯಾಂಕ್ಸ್ ನೊಬುವೊ'. ಹತ್ತು ನಿಮಿಷಕ್ಕೂ ಮೀರಿದ ಆ ಹಾಡಿನ ಹೆಸರಲ್ಲಿರೋ ನೊಬುವೊ, ಫೈನಲ್ ಫ್ಯಾಂಟಸಿ ಗೇಮ್‌ಗಳಿಗೆ ಸಂಗೀತ ಕೊಟ್ಟ ನೊಬುವೊ ಉವೆಮಾಟ್ಸು. ಎರಡೂ ಕಿವಿಗೆ ಇಯರ್‌ಫೋನ್ ಇರಲಿ.